ನೆನಪಳಿದ ಮೇಲೂ ನಾನು ನಾನೇ?

ಅಮೆರಿಕದ ಗಿಟಾರ್ ವಾದಕ ಪ್ಯಾಟ್ ಮಾರ್ಟಿನೊ ಅವರ 'ಜಾಯಸ್ ಲೇಕ್' ಎಂಬ ಧ್ವನಿಮುದ್ರಿಕೆ 1977ರಲ್ಲಿ ಹೊರಬಂದಿತು. 'ಆನಂದ ಸರೋವರ' ಎಂದು ಅದರ ಅರ್ಥ. ಜಾಝ್ ಸಂಗೀತಕ್ಕೆ ರಾಕ್‌ನ ವಿದ್ಯುತ್ ವಾದ್ಯಗಳನ್ನೂ ಬಿರುಸಿನ ಲಯವನ್ನೂ ಬೆರೆಸಿದ, 'ಫ್ಯೂಷನ್' ಎನ್ನಲಾಗುವ ಶೈಲಿ ಅದರದು. ಡ್ರಮ್ ಎಷ್ಟೇ ಅಬ್ಬರಿಸಿದರೂ ಮಾರ್ಟಿನೊ ಅವರ ಒಂದೊಂದು ಸ್ವರವೂ ಜಪಮಾಲೆಯ ಮಣಿಯಂತೆ ಬಿಡಿಬಿಡಿಯಾಗಿ ಕೇಳುತ್ತದೆ. ದೇವಾಲಯದ ಗಾಯನಕ್ಕೆ ಒಗ್ಗಿದ ನನ್ನ ಕಿವಿಗೆ ಆ ಅಬ್ಬರ ತುಸು ಹೆಚ್ಚೇ. ಆದರೂ ಅದನ್ನು ಮತ್ತೆ ಮತ್ತೆ ಕೇಳಿದ್ದೇನೆ. ಕಾರಣ, ಅದನ್ನು ನುಡಿಸಿದಾತನೇ ಮುಂದೊಂದು ದಿನ ಅದನ್ನು ಅಪರಿಚಿತನ ಸಂಗೀತವೆಂಬಂತೆ ಕೇಳಬೇಕಾಯಿತು.

ಮಾರ್ಟಿನೊ ಅವರ ಮಿದುಳಿನ ರಕ್ತನಾಳಗಳಲ್ಲಿ ಒಂದು ಗೋಜಲಿತ್ತು. ಅದರಿಂದ ಆ ವರ್ಷಗಳಲ್ಲೇ ಅವರಿಗೆ ಸೆಳವು ಬರುತ್ತಿತ್ತು. 1980ರಲ್ಲಿ ಶಸ್ತ್ರಚಿಕಿತ್ಸೆ ಅನಿವಾರ್ಯವಾಯಿತು. ಜೀವ ಉಳಿಯಿತು, ನೆನಪು ಉಳಿಯಲಿಲ್ಲ. ಹಾಸಿಗೆಯ ಬಳಿ ನಿಂತಿದ್ದ ತಂದೆತಾಯಿಯರನ್ನೇ ಅವರು ಗುರುತಿಸಲಿಲ್ಲ. ಗಿಟಾರ್ ತನ್ನ ಬದುಕೆಂಬುದೂ ತಿಳಿಯಲಿಲ್ಲ. ಫಿಲಡೆಲ್ಫಿಯಾದ ಮನೆಯಲ್ಲಿ ತಂದೆ ಮಗನ ಹಳೆಯ ಧ್ವನಿಮುದ್ರಿಕೆಗಳನ್ನು ಹಾಕುತ್ತಿದ್ದರು. ಮಗ ತನ್ನದೇ ವಾದನವನ್ನು ಕೇಳುತ್ತಾ, ವರ್ಷಗಟ್ಟಲೆ ಶ್ರಮಿಸಿ ವಾದ್ಯವನ್ನು ಮರಳಿ ಕಲಿತ. 1987ರಲ್ಲಿ ನ್ಯೂಯಾರ್ಕಿನಲ್ಲಿ ಮತ್ತೆ ನುಡಿಸಿದ ಕಛೇರಿಯ ಧ್ವನಿಮುದ್ರಿಕೆಗೆ 'ದಿ ರಿಟರ್ನ್' ಎಂದು ಹೆಸರು.

ಹಿಂತಿರುಗಿದವನು ಯಾರು? ನೆನಪು ಎಲ್ಲಿಯವರೆಗೆ ಹಿಂದಕ್ಕೆ ಚಾಚುವುದೋ ಅಲ್ಲಿಯವರೆಗೆ ಮಾತ್ರ ನಾನು ನಾನೇ ಎಂಬುದು ಹದಿನೇಳನೆಯ ಶತಮಾನದ ತತ್ವಜ್ಞಾನಿ ಜಾನ್ ಲಾಕ್ ಅವರ ವಾದ. ಅದನ್ನು ಒಪ್ಪಿದರೆ 'ಜಾಯಸ್ ಲೇಕ್' ನುಡಿಸಿದಾತ 1980ರಲ್ಲೇ ಇಲ್ಲವಾದ ಎನ್ನಬೇಕಾಗುತ್ತದೆ. ಸಂತ ಆಗಸ್ತೀನರೂ ತಮ್ಮ 'ಕನ್ಫೆಷನ್ಸ್' ಗ್ರಂಥದ ಹತ್ತನೆಯ ಭಾಗದಲ್ಲಿ ನೆನಪಿನ ವಿಶಾಲ ಸೌಧವನ್ನು ಹೊಕ್ಕು ಬೆರಗಾದವರೇ. ಆದರೆ ತನ್ನನ್ನು ತಾನು ಪೂರ್ತಿಯಾಗಿ ಹಿಡಿದಿಟ್ಟುಕೊಳ್ಳಲು ಮನಸ್ಸಿಗೆ ಎಡೆ ಸಾಲದೆಂದು ಅವರು ಕಂಡುಕೊಂಡರು. ಹಾಗಾದರೆ ನನ್ನಲ್ಲಿ ಹಿಡಿಯದೆ ಮಿಕ್ಕಿದ 'ನಾನು' ಯಾರ ಬಳಿ ಇದೆ?

ಇದು ತತ್ವಶಾಸ್ತ್ರದ ತರಗತಿಗಷ್ಟೇ ಸೇರಿದ ಪ್ರಶ್ನೆಯಲ್ಲ. ತಿಂಗಳ ಮೊದಲ ಶುಕ್ರವಾರ ಹಾಸಿಗೆ ಹಿಡಿದವರಿಗೆ ಪರಮಪ್ರಸಾದ ಕೊಂಡೊಯ್ಯುವ ಗುರುಗಳೆಲ್ಲರೂ ಅದನ್ನು ಎದುರಿಸಿರುತ್ತಾರೆ. ಮರೆವಿನ ಕಾಯಿಲೆಯ ತಾಯಿಯೊಬ್ಬರ ಮಗ ಒಮ್ಮೆ ನನ್ನನ್ನು ಕೇಳಿದ: "ಸ್ವಾಮಿ, ಅವ್ವನಿಗೆ ನಾನು ಯಾರೆಂದೇ ಗೊತ್ತಿಲ್ಲ. ನಾನು ಪ್ರತಿವಾರ ಅಷ್ಟು ದೂರದಿಂದ ಬಂದು ಏನು ಪ್ರಯೋಜನ?" ಅವನದು ಕಲ್ಲುಮನಸ್ಸಿನ ಮಾತಲ್ಲ, ದಣಿವಿನ ಮಾತು. ಕಲ್ವಾರಿಯ ಕಳ್ಳನು ಪ್ರಭುವನ್ನು ಬೇಡಿದ್ದು ತನ್ನ ನೆನಪಿನ ಶಕ್ತಿಯನ್ನಲ್ಲ, ಪ್ರಭುವಿನ ನೆನಪಿನಲ್ಲಿ ಒಂದಿಷ್ಟು ಜಾಗವನ್ನು ಎಂದೆ. ಮಾರ್ಟಿನೊ ಅವರ ತಂದೆಯ ಕಥೆಯನ್ನೂ ಹೇಳಿದೆ.

ಆದರೆ ಆ ಕಥೆಯ ಅರ್ಧವನ್ನು ಅಂದು ನಾನು ಹೇಳಲಿಲ್ಲ. ಮಹಡಿಯ ಕೋಣೆಯಲ್ಲಿ ಮಲಗಿದ್ದ ಮಗನಿಗೆ ಗೋಡೆ, ನೆಲಗಳ ಮೂಲಕ ತೂರಿಬರುತ್ತಿದ್ದ ಆ ಸಂಗೀತ ಸಾಂತ್ವನವಾಗಿರಲಿಲ್ಲ, ಹಿಂಸೆಯಾಗಿತ್ತು. ತಾನರಿಯದ ಯಾರೋ ಒಬ್ಬನಾಗಬೇಕೆಂಬ ಒತ್ತಾಯ ಅದರಲ್ಲಿತ್ತು. ತಂದೆಯ ಪ್ರೀತಿ ಸುಳ್ಳಲ್ಲ. ಆದರೆ ಅವರು ನೆನಪಿಟ್ಟುಕೊಂಡದ್ದು ಮಗನನ್ನೋ, ಹೆಸರುವಾಸಿ ವಾದಕನನ್ನೋ? ನಾವೂ ರೋಗಿಯ ಮುಂದೆ ಕುಳಿತು "ನಾನ್ಯಾರು ಹೇಳಿ ನೋಡೋಣ" ಎಂದು ಪರೀಕ್ಷೆ ಮಾಡುತ್ತೇವಲ್ಲವೇ? ಪ್ರೀತಿಯ ಹೆಸರಿನಲ್ಲಿ ನಡೆಯುವ ಈ ಪರೀಕ್ಷೆ ನನಗೆ ಕ್ರೂರವಾಗಿ ಕಾಣುತ್ತದೆ. ದೇವರ ನೆನಪು ಅಂಥದ್ದಲ್ಲವೆಂದೇ ನನ್ನ ನಂಬಿಕೆ. ಅದು ನಮ್ಮ ಹಿಂದಿನ ಹಿರಿಮೆಯನ್ನು ಲೆಕ್ಕವಿಡುವುದಿಲ್ಲ. ಇಂದು ಹಾಸಿಗೆಯಲ್ಲಿರುವವನನ್ನೇ ಹೆಸರು ಹಿಡಿದು ಕರೆಯುತ್ತದೆ.

ಮಾರ್ಟಿನೊ 2021ರ ನವೆಂಬರ್ 1ರಂದು, ಸಕಲ ಸಂತರ ಹಬ್ಬದ ದಿನ, ತೀರಿಕೊಂಡರು.

ಆ ಮಗನ ಮನೆಗೆ ಮತ್ತೊಂದು ಶುಕ್ರವಾರ ಹೋದಾಗ ಅವನು ತಾಯಿಗೆ ಗಂಜಿ ಕುಡಿಸುತ್ತಿದ್ದ. ಆಕೆ ಚಮಚವನ್ನು ತಡೆದು, "ನೀವು ಯಾರ ಮನೆಯವರು?" ಎಂದು ಕೇಳಿದರು. ಅವನು ತನ್ನ ತಂದೆಯ ಹೆಸರು ಹೇಳಿದ. "ಹಾಗೋ, ಒಳ್ಳೆಯ ಮನೆ" ಎಂದು ಆಕೆ ಬಾಯಿ ತೆರೆದರು.