ಬಸ್ ಚಾರ್ಜಿಗೂ ಕಾಸಿಲ್ಲದವನ ವಿಚಾರಣೆ

1985ರ ಜೂನ್ 2ರಂದು ಭಾರತ್ ಗೋಲ್ಡ್ ಮೈನ್ಸ್‌ನ ಭದ್ರತಾ ಅಧಿಕಾರಿಯೊಬ್ಬರ ಮನೆ ಮೇಲೆ ಕೆಜಿಎಫ್‌ನಲ್ಲಿ ಪೊಲೀಸ್ ದಾಳಿ ನಡೆಯಿತು. ನಾಲ್ಕೂವರೆ ಗ್ರಾಂ ತೂಕದ ಚಿನ್ನದ ಉಂಡೆ, ಜೊತೆಗೆ 1,276 ಗ್ರಾಂ ಚಿನ್ನದ ಅಂಶವಿರುವ ಮರಳು ಸಿಕ್ಕಿತೆಂದು ಕೇಸಾಯಿತು. ಮರುದಿನವೇ ಅಮಾನತು. ಅದರ ಮರುದಿನ ದೋಷಾರೋಪಣ ಪಟ್ಟಿ.

ಚಿನ್ನದ ಗಣಿ ಕಾಯಬೇಕಾದವರ ಮೇಲೇ ಚಿನ್ನದ ಆರೋಪ ಬಂದರೆ ಊರು ಕೋರ್ಟಿಗೆ ಕಾಯುವುದಿಲ್ಲ. ಬೇಲಿಯೇ ಎದ್ದು ಹೊಲ ಮೇಯಿತು ಎಂದು ಅರ್ಧ ತೀರ್ಪು ಆಗಲೇ ಆಗಿರುತ್ತದೆ. ವಿಚಾರಣೆ ಎಂಬುದು ಇರುವುದೇ ಇಂಥ ಹೊತ್ತಿಗಾಗಿ. ಇಲ್ಲಿಯೂ ವಿಚಾರಣೆ ನಡೆಯಿತು. ಆದರೆ ಅಮಾನತಿನ ಕಾಲದಲ್ಲಿ ಸಿಗಬೇಕಾಗಿದ್ದ ಜೀವನಾಧಾರ ಭತ್ಯೆ ಮಾತ್ರ ಆ ಅಧಿಕಾರಿಯ ಕೈ ಸೇರಲಿಲ್ಲ. ಸಂಬಳವೂ ಇಲ್ಲ, ಭತ್ಯೆಯೂ ಇಲ್ಲ, ಊರಿನಿಂದ ಕೆಜಿಎಫ್‌ಗೆ ಬಂದುಹೋಗಲು ಹಣವೂ ಇಲ್ಲ. ಆರೋಗ್ಯ ಸರಿಯಿಲ್ಲ, ವಿಚಾರಣೆ ಮುಂದೂಡಿ ಎಂದು ಅವರು ಪತ್ರ ಬರೆದರು, ವೈದ್ಯರ ಸರ್ಟಿಫಿಕೇಟನ್ನೂ ಕಳಿಸಿದರು. ಉಪಯೋಗವಾಗಲಿಲ್ಲ. ಏಕಪಕ್ಷೀಯವಾಗಿ ವಿಚಾರಣೆ ಮುಗಿಸಿ 1986ರ ಜೂನ್ 7ರಂದು ಅವರನ್ನು ವಜಾ ಮಾಡಲಾಯಿತು.

ಎಂಟು ತಿಂಗಳ ಮೇಲೆ, 1987ರ ಫೆಬ್ರವರಿಯಲ್ಲಿ ಕ್ರಿಮಿನಲ್ ಕೋರ್ಟು ಅವರನ್ನು ಖುಲಾಸೆ ಮಾಡಿತು. ದಾಳಿಯಲ್ಲಿ ಚಿನ್ನ ಸಿಕ್ಕಿತೆಂಬುದೇ ಸಾಬೀತಾಗಲಿಲ್ಲ. ಇಲಾಖಾ ವಿಚಾರಣೆಯಲ್ಲಿ ಸಾಕ್ಷಿ ಹೇಳಿದವರೂ ಅದೇ ಪೊಲೀಸರು, ಅದೇ ಪಂಚರು. ಒಂದು ಕಡೆ ಅವರ ಮಾತಿಗೆ ಪಾಟೀಸವಾಲು ಇತ್ತು, ಮಾತು ನಿಲ್ಲಲಿಲ್ಲ. ಇನ್ನೊಂದು ಕಡೆ ಪಾಟೀಸವಾಲು ಮಾಡಬೇಕಾದವರೇ ಇರಲಿಲ್ಲ, ಹೇಳಿದ್ದೆಲ್ಲ ದಾಖಲಾಗಿ ಒಬ್ಬ ಮನುಷ್ಯನ ಅನ್ನ ಹೋಯಿತು. ವಿಚಾರಣೆಯಲ್ಲಿ ನೌಕರ ಎದುರಿಗೆ ಕೂತಿರಬೇಕು ಎನ್ನುವುದು ಏಕೆ ಎಂದು ಕೇಳುವವರಿಗೆ ಇದಕ್ಕಿಂತ ಸ್ಪಷ್ಟವಾದ ಉತ್ತರ ನನಗೆ ತಿಳಿದಿಲ್ಲ.

ಕಾನೂನಿನ ಪುಸ್ತಕಗಳಲ್ಲಿ ಪಾಲ್ ಆಂಟನಿ ಪ್ರಕರಣ ಎಂದು ಹೆಸರಾದ ಈ ವ್ಯಾಜ್ಯ ಸುಪ್ರೀಂ ಕೋರ್ಟಿನಲ್ಲಿ ತೀರ್ಮಾನವಾದದ್ದು 1999ರ ಮಾರ್ಚ್ 30ರಂದು. ಅಮಾನತಾದ ಮಾತ್ರಕ್ಕೆ ನೌಕರಿಯ ಸಂಬಂಧ ಕಡಿದುಹೋಗುವುದಿಲ್ಲ, ಕೆಲಸಕ್ಕೆ ಸೇರುವಾಗ ಯಾರೂ ಬದುಕುವ ಹಕ್ಕನ್ನು ಒತ್ತೆ ಇಟ್ಟು ಸೇರುವುದಿಲ್ಲ ಎಂಬುದು ಆ ತೀರ್ಪಿನ ತಿರುಳು. ಭತ್ಯೆ ಕೊಡದೆ, ಬರಲಾಗದ ಸ್ಥಿತಿಗೆ ತಂದಿಟ್ಟು ನಡೆಸಿದ ವಿಚಾರಣೆ ಊರ್ಜಿತವಲ್ಲ ಎಂದ ಕೋರ್ಟು, ಮರಳಿ ಕೆಲಸ, ಅಮಾನತಿನ ದಿನದಿಂದ ಲೆಕ್ಕಹಾಕಿ ಪೂರ್ತಿ ಬಾಕಿ ಸಂಬಳ, ಮೇಲೆ 25,000 ರೂಪಾಯಿ ಖರ್ಚು ಕೊಡಿಸಿತು. ಅಷ್ಟು ಹೊತ್ತಿಗೆ ಹದಿನಾಲ್ಕು ವರ್ಷ ಕಳೆಯುತ್ತ ಬಂದಿತ್ತು. ಇನ್ನೆರಡು ವರ್ಷ ತುಂಬುವ ಮೊದಲೇ ಗಣಿಯೂ ಮುಚ್ಚಿತು.

ಹಾಗೆ ನೋಡಿದರೆ ಇದು ಆಗ ಹೊಸ ಮಾತೇನೂ ಆಗಿರಲಿಲ್ಲ. ಮಧ್ಯಪ್ರದೇಶದ ಸರ್ಕಾರಿ ನೌಕರರೊಬ್ಬರು ಭತ್ಯೆಯಿಲ್ಲದೆ 500 ಕಿಲೋಮೀಟರ್ ದೂರದ ವಿಚಾರಣೆಗೆ ಹೋಗಲಾಗದೆ ಕೆಲಸ ಕಳೆದುಕೊಂಡಿದ್ದರು. ಆ ವಜಾ ಆದೇಶವನ್ನು ಸುಪ್ರೀಂ ಕೋರ್ಟು 1973ರಲ್ಲೇ ರದ್ದು ಮಾಡಿತ್ತು. ಗಣಿಯ ಆಡಳಿತಕ್ಕೆ ದಾರಿ ಮೊದಲೇ ಕಾಣುವಂತಿತ್ತು.

1993ರಲ್ಲಿ ಬಂದ ಡಿ.ಕೆ. ಯಾದವ್ ತೀರ್ಪನ್ನೂ ಇಲ್ಲಿ ನೆನೆಯಬೇಕು. ಹರಿಯಾಣದ ಕಾರ್ಖಾನೆಯ ಸ್ಥಾಯಿ ಆದೇಶದಲ್ಲಿ, ರಜೆಯಿಲ್ಲದೆ ಎಂಟು ದಿನಕ್ಕಿಂತ ಹೆಚ್ಚು ಗೈರಾದರೆ ಕೆಲಸ ತಾನಾಗಿಯೇ ಹೋಗುತ್ತದೆ ಎಂದಿತ್ತು. ನಾನು ಬಂದಿದ್ದೆ, ಗೇಟಿನಲ್ಲೇ ತಡೆದರು ಎಂದು ಕಾರ್ಮಿಕ ಹೇಳುತ್ತಿದ್ದ. ಒಂದು ದಿನ ಕೂರಿಸಿ ಕೇಳಿದ್ದರೆ ಇಬ್ಬರಲ್ಲಿ ಯಾರ ಮಾತು ನಿಜವೆಂದು ತಿಳಿಯುತ್ತಿತ್ತು. ಕೇಳಲಿಲ್ಲ. ನಿಯಮ ಏನೇ ಹೇಳಲಿ, ಕೇಳದೆ ತೆಗೆಯುವಂತಿಲ್ಲ ಎಂದು ಕೋರ್ಟು ಅರ್ಧ ಹಿಂಬಾಕಿ ವೇತನದೊಂದಿಗೆ ಅವನನ್ನು ಮರಳಿ ಕೆಲಸಕ್ಕೆ ಸೇರಿಸಿತು.

ವಿಚಾರಣೆಯನ್ನು ಬೇಕೆಂದೇ ಎಳೆಯುವ ನೌಕರರಿಲ್ಲವೇ? ಇದ್ದಾರೆ. ಪ್ರತಿ ದಿನಾಂಕಕ್ಕೂ ಒಂದು ಸರ್ಟಿಫಿಕೇಟು ತರುವವರನ್ನು ಕಂಡು ಆಡಳಿತಗಳು ರೋಸಿಹೋಗುವುದೂ ನಿಜ. ಅದಕ್ಕೂ ಕಾನೂನಿನಲ್ಲಿ ದಾರಿಯಿದೆ. ಕಾರ್ಖಾನೆಗಳ ಸ್ಥಾಯಿ ಆದೇಶಗಳ ಕಾನೂನು ಅಮಾನತಿನ ಮೊದಲ 90 ದಿನಕ್ಕೆ ಅರ್ಧ ವೇತನ ಕೊಡಿಸುತ್ತದೆ. ವಿಳಂಬಕ್ಕೆ ನೌಕರ ಕಾರಣನಲ್ಲದಿದ್ದರೆ ಮಾತ್ರ ಆಮೇಲೆ ಮುಕ್ಕಾಲು. ಭತ್ಯೆ ಕೊಟ್ಟು, ದಿನಾಂಕ ತಿಳಿಸಿ, ಆಮೇಲೂ ಸಕಾರಣವಿಲ್ಲದೆ ಬಾರದವನ ಮೇಲೆ ಏಕಪಕ್ಷೀಯ ವಿಚಾರಣೆ ನಡೆಸಿದರೆ ಯಾವ ಕೋರ್ಟೂ ತಪ್ಪೆನ್ನುವುದಿಲ್ಲ. ಕೊಡಬೇಕಾದ್ದನ್ನು ಕೊಡದೆ ಬರಲಿಲ್ಲವೆಂದು ಬರೆದುಕೊಳ್ಳುವುದು ಮಾತ್ರ ಅನ್ಯಾಯ.

ನಮ್ಮ ಕಚೇರಿಗಳ ನೋಟಿಸುಗಳ ಕೊನೆಯಲ್ಲಿ ಒಂದು ಸಾಲು ತಪ್ಪದೆ ಇರುತ್ತದೆ: ನಿಗದಿತ ದಿನ ಹಾಜರಾಗದಿದ್ದಲ್ಲಿ ಏಕಪಕ್ಷೀಯವಾಗಿ ಕ್ರಮ ಜರುಗಿಸಲಾಗುವುದು. ಬರೆಯುವವರಿಗೆ ಅದು ರೂಢಿಯ ಮಾತು. ಆರು ತಿಂಗಳಿಂದ ಕೈಯಲ್ಲಿ ಕಾಸಿಲ್ಲದೆ ಕೂತವನ ಮನೆಗೆ ಅದೇ ಸಾಲು ಬಂದಾಗ, ಸಾಲ ಕೇಳಲು ಇನ್ನು ಯಾರ ಬಾಗಿಲಿಗೆ ಹೋಗುವುದು ಎಂದು ಗಂಡ ಹೆಂಡಿರು ಲೆಕ್ಕ ಹಾಕಬೇಕಾಗುತ್ತದೆ.

ಇಲಾಖಾ ವಿಚಾರಣೆ ನಡೆಸುವ ಅಧಿಕಾರಿಗಳು ಈ ಬರಹ ಓದಿದರೆ ಅವರಲ್ಲಿ ಒಂದು ವಿನಂತಿ. ಕಡತದಲ್ಲಿ ‘ಆಪಾದಿತ ನೌಕರ ಗೈರುಹಾಜರು’ ಎಂದು ಬರೆಯುವ ಮೊದಲು ಸಂಬಳದ ಶಾಖೆಗೆ ಒಂದು ಫೋನ್ ಮಾಡಿ, ಅವರ ಜೀವನಾಧಾರ ಭತ್ಯೆ ಯಾವ ತಿಂಗಳವರೆಗೆ ಪಾವತಿಯಾಗಿದೆ ಎಂದು ಕೇಳಿ. ಆಗಿಲ್ಲವೆಂದರೆ ಅಂದಿನ ವಿಚಾರಣೆ ನಡೆಸಬೇಡಿ.