ಶಾಲಗ್ರಾಮ ಶಿಲೆಯೂ ಮಕ್ಕಳ ಪ್ರಶ್ನೆಯೂ

ಮನೆಯ ದೇವರ ಪೆಟ್ಟಿಗೆಯಲ್ಲಿರುವ ಶಾಲಗ್ರಾಮವನ್ನು ಕುರಿತು, ನಾಲ್ಕಕ್ಷರ ಕಲಿತ ಮಕ್ಕಳು ಇಂದು ಕೇಳುವ ಪ್ರಶ್ನೆಯೊಂದಿದೆ: 'ಇದು ಸತ್ತ ಪ್ರಾಣಿಯ ಚಿಪ್ಪಲ್ಲವೇ? ಇದಕ್ಕೇಕೆ ಅಭಿಷೇಕ, ತುಳಸಿ?' ಇದನ್ನು ಅಧಿಕಪ್ರಸಂಗವೆಂದು ಗದರಿಸಿ ಸುಮ್ಮನಾಗಿಸುವುದು ಉಚಿತವೇ ಎಂಬುದನ್ನು ಆಸ್ತಿಕ ಬಂಧುಗಳೊಡನೆ ವಿಚಾರಿಸಬಯಸುತ್ತೇವೆ.

ಭೂವಿಜ್ಞಾನಿಗಳ ಮಾತು ಸ್ಪಷ್ಟವಾಗಿದೆ. ನೇಪಾಳದ ಕಾಳೀ ಗಂಡಕಿಯಲ್ಲಿ ದೊರೆಯುವ ಈ ಕಪ್ಪು ಶಿಲೆಗಳಲ್ಲಿ ನಾವು ಕಾಣುವ ಚಕ್ರವು ಅಮೋನೈಟ್ ಎಂಬ ಸಮುದ್ರಜೀವಿಯ ಸುರುಳಿಚಿಪ್ಪಿನ ಗುರುತು. ಹಿಮಾಲಯವು ಏಳುವ ಮೊದಲು ಅಲ್ಲಿ ಟೆಥಿಸ್ ಸಮುದ್ರವಿತ್ತು. ಆ ಜೀವಿಗಳ ಕುಲವು ಸುಮಾರು ೬.೬ ಕೋಟಿ ವರ್ಷಗಳ ಹಿಂದೆ ಅಳಿಯಿತು. ನಮ್ಮ ಪಣಂಬೂರು, ಸೋಮೇಶ್ವರಗಳ ಕಡಲತಡಿಯ ಬಂಡೆಗಳಲ್ಲಿ ಎಷ್ಟು ಅರಸಿದರೂ ಇಂಥದು ದೊರೆಯದು. ಇಲ್ಲಿಯ ತಳಬಂಡೆಯು ಆ ಜೀವಿಗಳು ಹುಟ್ಟುವುದಕ್ಕೂ ಬಹಳ ಮೊದಲೇ ಭೂಗರ್ಭದ ಕಾವಿನಲ್ಲಿ ರೂಪುಗೊಂಡದ್ದು. ಇಂಗ್ಲೆಂಡಿನ ವಿಟ್ಬಿ ಎಂಬ ಕಡಲೂರಿನಲ್ಲಾದರೋ ಅಲೆಗಳು ದಂಡೆಯನ್ನು ಕೊರೆದಂತೆ ಅಮೋನೈಟುಗಳು ಹೊರಬೀಳುತ್ತವೆ. ಸಂತ ಹಿಲ್ಡಾ ಕಲ್ಲಾಗಿಸಿದ ಹಾವುಗಳಿವು ಎಂಬುದು ಅಲ್ಲಿಯ ಐತಿಹ್ಯ. ಅವಕ್ಕೆ ಹಾವಿನ ತಲೆ ಕೆತ್ತಿ ಮಾರಿದ್ದೂ ಉಂಟು.

ಇನ್ನು ನಮ್ಮ ಸಿದ್ಧಾಂತವನ್ನು ನೋಡೋಣ. ಶ್ರೀಮದಾಚಾರ್ಯರು ಜಗತ್ತು ಸತ್ಯವೆಂದು ಸಾರಿದರು. ಪ್ರತ್ಯಕ್ಷ, ಅನುಮಾನ, ಆಗಮಗಳೆಂಬ ಮೂರನ್ನೂ ಪ್ರಮಾಣವೆಂದು ಅಂಗೀಕರಿಸಿದರು. ಆದುದರಿಂದ ಕಲ್ಲಿನ ಚರಿತ್ರೆಯನ್ನು ಅಲ್ಲಗಳೆದು ಭಕ್ತಿಯನ್ನು ಕಾಪಾಡಿಕೊಳ್ಳಬೇಕಾದ ಸಂಕಟ ನಮಗಿಲ್ಲ. ಪ್ರತೀಕವೇ ಬ್ರಹ್ಮವೆಂದು ಉಪಾಸಿಸಲಾಗದು. ಪ್ರತೀಕದಲ್ಲಿ ಸನ್ನಿಹಿತನಾಗಿಯೂ ಅದರಿಂದ ಭಿನ್ನನಾಗಿರುವ ಶ್ರೀಹರಿಯನ್ನೇ ಉಪಾಸಿಸಬೇಕು. ಹೀಗಿರಲು, ಶಿಲೆಯು ಹುಟ್ಟಿದ ಬಗೆಯನ್ನು ತಿಳಿದುದರಿಂದ ಅದರೊಳಗಿರುವವನಿಗೆ ಕುಂದೇನು?

ಪುರಾಣದ ವಜ್ರಕೀಟವೇ ಈ ಅಮೋನೈಟ್ ಎಂದು ಬಲವಂತದಿಂದ ಹೊಂದಿಸುವುದೂ ಬೇಡ. ಕೀಟವು ಶಿಲೆಯನ್ನು ಕೊರೆಯಿತೆಂಬುದು ಬೇರೆ, ಚಿಪ್ಪಿನ ಅಚ್ಚು ಶಿಲೆಯಾಯಿತೆಂಬುದು ಬೇರೆ. ಆಗಮಗಳ ಮಹಾತಾತ್ಪರ್ಯವು ವಿಷ್ಣುಸರ್ವೋತ್ತಮತ್ವದಲ್ಲಿಯೇ ಹೊರತು ಕಲ್ಲಿನ ಉತ್ಪತ್ತಿಕ್ರಮದಲ್ಲಲ್ಲ. ಮಕ್ಕಳಿಗೆ ಇದನ್ನು ಇದ್ದಂತೆಯೇ ಹೇಳಬೇಕು. ತಿಳಿವಳಿಕೆಯೂ ಭಕ್ತಿಯೂ ಒಂದೇ ಮನೆಯಲ್ಲಿ ಇರಲಾರವೆಂದು ನಾವೇ ಕಲಿಸಿದರೆ, ನಾಳೆ ದೂರದೂರಿಗೆ ಹೋದ ಮಗನು ಎರಡರಲ್ಲಿ ಒಂದನ್ನು ಬಿಟ್ಟಾನು. ಬಿಡುವುದು ಯಾವುದೆಂಬುದನ್ನು ಹೇಳಬೇಕಾಗಿಲ್ಲ.

ಚಕ್ರಗಳನ್ನೆಣಿಸಿ ಶಾಲಗ್ರಾಮಕ್ಕೆ ಬೆಲೆ ಕಟ್ಟುವುದರಿಂದ, ಹಿರಿಯರು ಪೂಜಿಸಿದುದನ್ನು ನೀರು ತುಳಸಿಗಳಿಲ್ಲದೆ ಪೆಟ್ಟಿಗೆಯಲ್ಲಿ ಮರೆತಿಡುವುದರಿಂದ ಅಪಚಾರವಾದೀತು. ಮಗುವಿನ ಪ್ರಶ್ನೆಯಿಂದಲ್ಲ.

ಶ್ರೀಕೃಷ್ಣಾರ್ಪಣಮಸ್ತು.