ಗುಪ್ತರೋಗದ ಭೀತಿ : ಒಂದು ವಿವೇಚನೆ

ಅಂಜಿಕೆ ಎಂಬ ಮಾತಿಗೆ ನಮ್ಮ ಕನ್ನಡದಲ್ಲಿ ಎರಡು ಮುಖಗಳಿವೆ. 'ಹಿರಿಯರಿಗೆ ಅಂಜಿ ನಡೆ' ಎಂದು ಮಕ್ಕಳಿಗೆ ಬುದ್ಧಿ ಹೇಳುವಾಗ ಆ ಮಾತು ವಿನಯವನ್ನು, ಮರ್ಯಾದೆಯನ್ನು ಸೂಚಿಸುತ್ತದೆ. 'ಕತ್ತಲಿಗೆ ಅಂಜಿ ಜ್ವರ ಬಂತು' ಎನ್ನುವಾಗ ಅದೇ ಮಾತು ವಿವೇಕ ಕಳೆದುಕೊಂಡ ಮನಸ್ಸಿನ ನಡುಕವನ್ನು ಸೂಚಿಸುತ್ತದೆ. ಮೊದಲನೆಯದು ಬಾಳನ್ನು ತಿದ್ದುತ್ತದೆ. ಎರಡನೆಯದು ಬಾಳನ್ನು ತಿನ್ನುತ್ತದೆ. ಇವೆರಡನ್ನೂ ಬೇರ್ಪಡಿಸಿ ನೋಡಲಾರದವನು ನಡುಕವನ್ನೇ ನೀತಿಯೆಂದು ಭ್ರಮಿಸುತ್ತಾನೆ.

ಹೀಗೆ ಬಾಳನ್ನು ತಿನ್ನುವ ಅಂಜಿಕೆಗಳಲ್ಲಿ ಗುಪ್ತರೋಗದ ಅಂಜಿಕೆಯೂ ಒಂದು. ಮಠದ ಪತ್ರಿಕೆಯಲ್ಲಿ ಇಂಥ ವಿಷಯವೇಕೆ ಎಂದು ಕೆಲವು ವಾಚಕರು ಮೂಗು ಮುರಿಯಬಹುದು. ಆದರೆ ತಂದೆತಾಯಿಗಳಿಗೆ ಹೇಳಲಾರದುದನ್ನು, ಮಡದಿಗೆ ಹೇಳಲಾರದುದನ್ನು, ವೈದ್ಯರ ಮುಂದೆಯೂ ಬಾಯಿಬಿಡಲಾರದುದನ್ನು ಜನ ಗುರುವಿನ ಮುಂದೆ ಹೇಳಿಕೊಳ್ಳುತ್ತಾರೆ. ಬೀದರ ನಗರದಿಂದ, ಭಾಲ್ಕಿಯ ಹಳ್ಳಿಗಳಿಂದ, ಗಡಿಯಂಚಿನ ಔರಾದ ತಾಲೂಕಿನಿಂದ ದುಡಿಮೆಗಾಗಿ ಹೈದರಾಬಾದು, ಪುಣೆ, ಮುಂಬಯಿಗಳಿಗೆ ಹೋಗಿ ಬರುವ ತರುಣರಲ್ಲಿ ಈ ಭಾರವನ್ನು ಹೊತ್ತು ಬರುವವರನ್ನು ನಾವು ಕಂಡಿದ್ದೇವೆ. ಅವರ ಕಥೆಗಳು ಬೇರೆ ಬೇರೆಯಾದರೂ ಎಳೆ ಮಾತ್ರ ಒಂದೇ.

ಎಂದೋ ಒಮ್ಮೆ ಕಾಲು ಜಾರಿತು. ಅಥವಾ ಕಾಲು ಜಾರಲೇ ಇಲ್ಲ, ಮನಸ್ಸು ಮಾತ್ರ ಜಾರಿತು. ಕೆಲವರಿಗಂತೂ ಬಸ್ ನಿಲ್ದಾಣದ ಶೌಚಾಲಯಕ್ಕೆ ಹೋಗಿ ಬಂದದ್ದೇ ಸಾಕಾಯಿತು. ಅಂದಿನಿಂದ ಕನ್ನಡಿಯಲ್ಲಿ ನಾಲಗೆ ನೋಡಿಕೊಳ್ಳುವುದು, ಕುತ್ತಿಗೆಯ ಗಂಟುಗಳನ್ನು ಮುಟ್ಟಿ ಮುಟ್ಟಿ ಪರೀಕ್ಷಿಸುವುದು, ವಾರವಾರವೂ ತೂಕ ಮಾಡಿಸಿಕೊಳ್ಳುವುದು ಮೊದಲಾಗುತ್ತದೆ. ರಕ್ತ ಪರೀಕ್ಷೆ ಮಾಡಿಸುತ್ತಾನೆ. ರೋಗವಿಲ್ಲವೆಂದು ವರದಿ ಬರುತ್ತದೆ. ಎರಡು ರಾತ್ರಿ ನಿದ್ದೆ ಬರುತ್ತದೆ. ಮೂರನೆಯ ರಾತ್ರಿ, 'ಸೀಸೆ ಅದಲುಬದಲಾಗಿದ್ದರೆ?' ಎಂಬ ಸಂಶಯ ಏಳುತ್ತದೆ. ಬೀದರಿನಲ್ಲಿ ಮಾಡಿಸಿದ ಪರೀಕ್ಷೆಯನ್ನು ಹೈದರಾಬಾದಿನಲ್ಲಿ ಮಾಡಿಸುತ್ತಾನೆ, ಅಲ್ಲಿಯದನ್ನು ಸೊಲ್ಲಾಪುರದಲ್ಲಿ. ಗೊತ್ತಾದ ಲಗ್ನವನ್ನು ಮುಂದೂಡುತ್ತಾನೆ. ಮದುವೆಯಾದವನಾದರೆ ಹೆತ್ತ ಮಗುವನ್ನು ಎತ್ತಿಕೊಳ್ಳಲು ಹಿಂಜರಿಯುತ್ತಾನೆ. ರೋಗವಿಲ್ಲದೆಯೇ ರೋಗಿಯ ಬಾಳನ್ನು ಬಾಳುತ್ತಾನೆ.

ಪಾಶ್ಚಾತ್ಯ ವೈದ್ಯರು ಈ ಸ್ಥಿತಿಗೆ ಕಾಲಕಾಲಕ್ಕೆ ಹೆಸರಿಟ್ಟಿದ್ದಾರೆ. ಸಿಫಿಲಿಸ್ ರೋಗ ಯುರೋಪನ್ನು ಕಂಗೆಡಿಸಿದ್ದ ಕಾಲದಲ್ಲಿ ಅದು ಸಿಫಿಲೋಫೋಬಿಯಾ ಎನಿಸಿತು. ರೋಮನರ ಪ್ರೇಮದೇವತೆ ವೀನಸಳ ಹೆಸರಿನಿಂದ ವೆನರಿಯೋಫೋಬಿಯಾ ಎನಿಸಿತು. 1981ರಲ್ಲಿ ಅಮೇರಿಕೆಯಲ್ಲಿ ಏಡ್ಸ್ ಮೊದಲು ವರದಿಯಾದ ನಂತರ ಏಡ್ಸ್ ಫೋಬಿಯಾ ಎನಿಸಿತು. ನಮ್ಮ ದೇಶದ ಮನೋವೈದ್ಯ ಎನ್.ಎನ್. ವಿಗ್ ಅವರು 1960ರಲ್ಲಿ ಧಾತುನಷ್ಟದ ಭೀತಿಯಿಂದ ಸೊರಗುವ ತರುಣರ ಸ್ಥಿತಿಯನ್ನು ಗುರುತಿಸಿ 'ಧಾತ್ ಸಿಂಡ್ರೋಮ್' ಎಂದು ಕರೆದರು. ಅದೂ ಈ ಭೀತಿಯ ದಾಯಾದಿಯೇ. ಆದರೆ ಇಂದಿನ ತಜ್ಞರು ಇಂಥ ಸ್ಥಿತಿಗೆ ಫೋಬಿಯಾ ಎಂಬ ಮಾತನ್ನು ಅಷ್ಟಾಗಿ ಬಳಸುವುದಿಲ್ಲ. ಹಾವಿಗೆ ಅಂಜುವವನು ಹಾವಿದ್ದಲ್ಲಿಂದ ಓಡಬಲ್ಲ. ತನ್ನ ಮೈಗೇ ಅಂಜುವವನು ಎಲ್ಲಿಗೆ ಓಡಬೇಕು? ಆದುದರಿಂದ ಅವರು ಇದನ್ನು ವ್ಯಾಧಿಚಿಂತೆಯ ಕಾಯಿಲೆ ಎಂದೋ, ಗೀಳಿನ ಕಾಯಿಲೆ ಎಂದೋ ಪರಿಗಣಿಸುತ್ತಾರೆ. ಗೀಳು ಎಂಬ ನಮ್ಮ ಮಾತು ಬಹು ಅರ್ಥಪೂರ್ಣವಾದುದು. ಹಿಡಿದರೆ ಬಿಡದು, ಬಿಡಿಸಿದರೆ ಮತ್ತೆ ಹಿಡಿಯುವುದು, ಅದೇ ಗೀಳು.

ಇನ್ನು ದೇಹದ ಸತ್ಯವೇನೆಂಬುದನ್ನು ಸ್ಪಷ್ಟವಾಗಿ ತಿಳಿಯೋಣ. ಸಿಫಿಲಿಸ್ 1943ರಿಂದ ಪೆನ್ಸಿಲಿನ್‌ಗೆ ಮಣಿದಿದೆ. ಗೊನೊರಿಯಾ ಯೋಗ್ಯ ಔಷಧಿಯಿಂದ ಗುಣವಾಗುತ್ತದೆ. ಎಚ್.ಐ.ವಿ. ಹರಡುವುದು ರಕ್ಷಣೆಯಿಲ್ಲದ ಲೈಂಗಿಕ ಸಂಪರ್ಕದಿಂದ, ಸೋಂಕಿದ ರಕ್ತದಿಂದ, ಹಂಚಿಕೊಂಡ ಸೂಜಿಯಿಂದ, ತಾಯಿಯಿಂದ ಮಗುವಿಗೆ. ಮುಟ್ಟುವುದರಿಂದ, ಒಂದೇ ತಟ್ಟೆಯಲ್ಲಿ ಉಣ್ಣುವುದರಿಂದ, ಸೊಳ್ಳೆಯಿಂದ, ಶೌಚಾಲಯದಿಂದ, ನೀರಿನಿಂದ ಅದು ಹರಡುವುದಿಲ್ಲ. ನಿಜವಾಗಿಯೂ ಅಪಾಯದ ಸಂಪರ್ಕವಾಗಿದ್ದರೆ 72 ಗಂಟೆಗಳೊಳಗೆ ವೈದ್ಯರನ್ನು ಕಂಡು ತಡೆಗಟ್ಟುವ ಔಷಧಿ ಪಡೆಯಬಹುದು. ಮತ್ತೆ ಅಂಥ ಸಂಪರ್ಕವಿಲ್ಲದೆ ಮೂರು ತಿಂಗಳು ಕಳೆದ ಮೇಲೆ ಮಾಡಿದ ಪರೀಕ್ಷೆ 'ಇಲ್ಲ' ಎಂದರೆ ಇಲ್ಲವೆಂದೇ ಅರ್ಥ. ಸೋಂಕು ಇದ್ದವರಿಗೂ ಭಾರತ ಸರ್ಕಾರ 2004ರಿಂದ ಉಚಿತ ಔಷಧಿ ಕೊಡುತ್ತಿದೆ. ಅದನ್ನು ತಪ್ಪದೆ ಸೇವಿಸಿ ರಕ್ತದಲ್ಲಿ ವೈರಾಣು ಪತ್ತೆಯಾಗದಷ್ಟು ಅಡಗಿದರೆ, ಲೈಂಗಿಕ ಸಂಪರ್ಕದಿಂದಲೂ ಅದು ಇನ್ನೊಬ್ಬರಿಗೆ ದಾಟುವುದಿಲ್ಲ.

ಇಷ್ಟು ತಿಳಿದ ಮೇಲೂ ಆ ತರುಣನಿಗೆ ಸಮಾಧಾನವಾಗುವುದಿಲ್ಲವೇಕೆ? ಅವನು ಪ್ರಯೋಗಶಾಲೆಗೆ ಹೋಗಿ ಕೇಳುವ ಪ್ರಶ್ನೆ ಅನೇಕ ವೇಳೆ 'ನನಗೆ ರೋಗವಿದೆಯೇ?' ಎಂಬುದಲ್ಲ, 'ನಾನು ಕೆಟ್ಟವನೇ?' ಎಂಬುದು. ಮೊದಲನೆಯದಕ್ಕೆ ರಕ್ತ ಉತ್ತರ ಕೊಡಬಲ್ಲುದು. ಎರಡನೆಯದಕ್ಕೆ ಹನಿ ರಕ್ತವಲ್ಲ, ಕೊಡ ರಕ್ತ ಕೊಟ್ಟರೂ ಉತ್ತರ ದೊರೆಯದು. ಉತ್ತರ ದೊರೆಯದ ಪ್ರಶ್ನೆಯನ್ನು ಅವನು ಮತ್ತೆ ಮತ್ತೆ ಅದೇ ಬಾಗಿಲಲ್ಲಿ ಕೇಳುತ್ತಾನೆ. ಈ ಎರಡು ಪ್ರಶ್ನೆಗಳನ್ನು ಒಂದಕ್ಕೊಂದು ಹೆಣೆದು ಅವನ ಕೈಗಿತ್ತವರಾರು? ವಾಚಕರೇ, ನಾವೇ ಅಲ್ಲವೇ? ನಮ್ಮ ಮಾತುಗಳೇ ಅಲ್ಲವೇ?

ಬೀದರ ಸೀಮೆ ನಾಲ್ಕು ಭಾಷೆಗಳು ಕೂಡುವ ತಾಣ. ಇಲ್ಲಿ ಈ ರೋಗಗಳಿಗಿರುವ ಹೆಸರುಗಳನ್ನು ಗಮನಿಸಿರಿ. ಯುನಾನಿ ಹಕೀಮರು ಸಿಫಿಲಿಸನ್ನು ಆತಶಕ್ ಎಂದರು. ಫಾರಸಿಯಲ್ಲಿ ಆತಿಶ್ ಎಂದರೆ ಬೆಂಕಿ. ಗೊನೊರಿಯಾವನ್ನು ಸೋಜಾಕ್ ಎಂದರು. ಸೋಜ್ ಎಂದರೆ ಉರಿ. ಮರಾಠಿ ಮತ್ತು ದಖನಿ ಆಡುವ ಜನ ಗರ್ಮಿ ಎಂದರು. ಗರ್ಮಿ ಎಂದರೆ ಉಷ್ಣ. ಎಲ್ಲವೂ ಬೆಂಕಿಯ ಹೆಸರುಗಳೇ! ಇದರ ಫಲವೇನು? ವೈಶಾಖದ ಬಿಸಿಲಲ್ಲಿ ಹೊಲದಲ್ಲಿ ದುಡಿದು, ನೀರು ಸಾಲದೆ ಮೂತ್ರ ಉರಿದರೂ 'ಗರ್ಮಿಯಾಯಿತೋ ಏನೋ' ಎಂಬ ಶಂಕೆ. ಒಂದೇ ಮಾತು ಬಿಸಿಲಿಗೂ ಸಲ್ಲುತ್ತದೆ, ಸಿಫಿಲಿಸಿಗೂ ಸಲ್ಲುತ್ತದೆ. ಅಂಜುವ ಮನಸ್ಸು ಯಾವಾಗಲೂ ಭೀಕರವಾದ ಅರ್ಥವನ್ನೇ ಆರಿಸಿಕೊಳ್ಳುತ್ತದೆ.

ಹೆಸರುಗಳಲ್ಲಿ ದೋಷಾರೋಪವೂ ಅಡಗಿದೆ. ಇಟಲಿಯವರು ಸಿಫಿಲಿಸನ್ನು ಫ್ರೆಂಚರ ರೋಗ ಎಂದರು. ಫ್ರೆಂಚರು ನೇಪಲ್ಸ್ ನಗರದ ರೋಗ ಎಂದರು. ಹದಿನಾರನೆಯ ಶತಮಾನದ ನಮ್ಮ ಭಾವಮಿಶ್ರನು ತನ್ನ ವೈದ್ಯಗ್ರಂಥ ಭಾವಪ್ರಕಾಶದಲ್ಲಿ ಅದನ್ನು ಫಿರಂಗರೋಗವೆಂದು ಕರೆದನು. ರೋಗ ಯಾವಾಗಲೂ ನೆರೆಯವನದು, ಪರಕೀಯನದು, ಪತಿತನದು. ಹೀಗೆ ರೋಗವನ್ನು ಪರರ ಪಾಪವಾಗಿಸಿದ ಸಮಾಜದಲ್ಲಿ ಅದು ತನಗೇ ಬಂದಿತೆಂಬ ಶಂಕೆ ಹುಟ್ಟಿದಾಗ ಮನುಷ್ಯ ತನ್ನನ್ನೇ ಪರಕೀಯನಂತೆ ಕಾಣತೊಡಗುವುದು ಸಹಜ.

'ಗುಪ್ತರೋಗ' ಎಂಬ ಮಾತನ್ನೇ ತೆಗೆದುಕೊಳ್ಳಿರಿ. ಈ ಲೇಖನದ ತಲೆಬರಹದಲ್ಲಿ ನಾವೂ ಅದನ್ನೇ ಬಳಸಿದ್ದೇವೆ, ಏಕೆಂದರೆ ಜನ ಬಲ್ಲ ಮಾತು ಅದು. ಊರೂರಿನ ಗೋಡೆಗಳ ಮೇಲೆ ದೊಡ್ಡ ಅಕ್ಷರಗಳಲ್ಲಿ ಬರೆಸಿದ ಗುಪ್ತ ಅದು! ರೋಗವನ್ನು ಗುಪ್ತವೆಂದ ಕೂಡಲೇ ವೈದ್ಯನೂ ಗುಪ್ತನಾಗಬೇಕಾಗುತ್ತದೆ, ಔಷಧಿಯೂ ಗುಪ್ತವಾಗಬೇಕಾಗುತ್ತದೆ. ಲಾಡ್ಜಿನ ಕೋಣೆಯಲ್ಲಿ ತಿಂಗಳಿಗೊಮ್ಮೆ ಬಂದು ಕೂರುವ ವಂಚಕನಿಗೆ ಬೇಕಾದುದೂ ಅದೇ. ಅವನು ಮಾರುವುದು ಔಷಧಿಯನ್ನಲ್ಲ, ಅಂಜಿಕೆಯನ್ನು.

ಎಲ್ಲಕ್ಕಿಂತ ಮಿಗಿಲಾಗಿ ವಿಚಾರಾರ್ಹವಾದ ಮಾತು 'ಸೋಂಕು'. ಹಳೆಯ ಕನ್ನಡದಲ್ಲಿ ಸೋಂಕು ಎಂದರೆ ಸ್ಪರ್ಶ, ಮುಟ್ಟುವಿಕೆ, ಅಷ್ಟೆ. ಗಾಳಿಯ ಸೋಂಕು, ತಾಯಿಯ ಸೋಂಕು, ಗುರುಹಸ್ತದ ಸೋಂಕು ಎಲ್ಲವೂ ಸೋಂಕೇ. ಶಿಷ್ಯನ ಮಸ್ತಕದ ಮೇಲೆ ಗುರು ಹಸ್ತವಿಡುವ ದೀಕ್ಷೆಯಲ್ಲಿ, ಕರಸ್ಥಲದ ಲಿಂಗಪೂಜೆಯಲ್ಲಿ, ಸ್ಪರ್ಶವೇ ಪಾವನ. ಇಂಥ ಮಾತು ವೈದ್ಯಶಾಸ್ತ್ರದಲ್ಲಿ ರೋಗಾಣುವಿನ ಪ್ರವೇಶಕ್ಕೆ ಹೆಸರಾಯಿತು. ಶಾಸ್ತ್ರಕ್ಕೆ ಪದ ಬೇಕಾಗಿತ್ತು, ದೊರೆಯಿತು, ಅದನ್ನು ತಪ್ಪೆನ್ನಲಾಗದು. ಆದರೆ ಎಚ್.ಐ.ವಿ. ಸೋಂಕು ಎಂದು ಕೇಳಿದ ಹಳ್ಳಿಯ ಕಿವಿಗೆ ಅದರ ಹಳೆಯ ಅರ್ಥವೂ ಕೇಳುತ್ತದೆ: ಮುಟ್ಟಿದರೆ ಬಂತು ಎಂದು. ಸೋಂಕಿತ ಎಂಬ ಮಾತು ಮುಟ್ಟಬಾರದವನು ಎಂಬ ಧ್ವನಿಯನ್ನು ಹೊತ್ತುಕೊಳ್ಳುತ್ತದೆ.

ಇದು ಬರಿಯ ಪದಚರ್ಚೆಯಲ್ಲ. ಧಾರವಾಡ ಜಿಲ್ಲೆಯ ನವಲಗುಂದ ತಾಲೂಕಿನ ಮೊರಬ ಗ್ರಾಮದಲ್ಲಿ 2018ರ ನವೆಂಬರ್ ಕೊನೆಯಲ್ಲಿ ಕೆರೆಯೊಂದರಲ್ಲಿ ಮಹಿಳೆಯೊಬ್ಬರ ಶವ ಕಂಡಿತು. ಆಕೆಗೆ ಎಚ್.ಐ.ವಿ. ಇತ್ತೆಂಬ ಮಾತು ಊರಲ್ಲಿ ಹಬ್ಬಿತು. ಆ ಕೆರೆ ಊರಿಗೆ ಕುಡಿಯುವ ನೀರಿನ ಆಧಾರ. ನೀರಿನಿಂದ ಎಚ್.ಐ.ವಿ. ಹರಡದೆಂದು ಅಧಿಕಾರಿಗಳು ತಿಳಿಹೇಳಿದರೂ ಜನ ಕೇಳಲಿಲ್ಲ. ಕೊನೆಗೆ ಪಂಪುಗಳನ್ನು ಹಚ್ಚಿ ಇಡೀ ಕೆರೆಯನ್ನು ಬರಿದು ಮಾಡಿಸಲಾಯಿತು. ನೀರಿಗಾಗಿ ಪರದಾಡುವ ಸೀಮೆಯಲ್ಲಿ ತುಂಬಿದ ಕೆರೆಯನ್ನು ಹರಿಯಬಿಟ್ಟರು! ಎಚ್.ಐ.ವಿ. ಇದ್ದವರನ್ನು ಭೇದಭಾವದಿಂದ ಕಾಣಬಾರದೆಂದೂ, ಅವರ ಸ್ಥಿತಿಯನ್ನು ಅವರ ಒಪ್ಪಿಗೆಯಿಲ್ಲದೆ ಬಯಲು ಮಾಡಬಾರದೆಂದೂ ವಿಧಿಸುವ 2017ರ ಕಾಯಿದೆ ಜಾರಿಗೆ ಬಂದದ್ದು 2018ರ ಸೆಪ್ಟೆಂಬರ್ 10ರಂದು. ಮೂರು ತಿಂಗಳೂ ತುಂಬಿರಲಿಲ್ಲ. ಮೊರಬದ ಜನ ನಮ್ಮ ನಿಮ್ಮಂಥ ಸಜ್ಜನರೇ. ಅವರನ್ನು ಹೀಗಳೆಯುವುದರಿಂದ ಪ್ರಯೋಜನವಿಲ್ಲ. ಅವರು ಅಂಜಿದ್ದು ವೈರಾಣುವಿಗಲ್ಲ, ಮೈಲಿಗೆಗೆ. ಆ ಕೆರೆಯ ಜೊತೆಗೆ ಹರಿದು ಹೋದುದು ಸತ್ತ ಒಬ್ಬ ಹೆಣ್ಣುಮಗಳ ಮಾನ. ಅದನ್ನು ಕಂಡು, ಸೋಂಕು ಇದ್ದೂ ಬದುಕಿರುವ ಇನ್ನೆಷ್ಟು ಜನ ತಮ್ಮ ಬಾಯಿಗೆ ಬೀಗ ಹಾಕಿಕೊಂಡಿರಬೇಕು!

ಮೈಲಿಗೆಯ ಈ ಭ್ರಮೆಯನ್ನು ಶರಣರು ನಮ್ಮ ಈ ನೆಲದಲ್ಲೇ, ಕಲ್ಯಾಣದಲ್ಲೇ ಹನ್ನೆರಡನೆಯ ಶತಮಾನದಲ್ಲಿ ಪ್ರಶ್ನಿಸಿದರು. ಜನನ, ಮರಣ, ರಜಸ್ಸು, ಎಂಜಲು, ಜಾತಿ ಎಂಬ ಪಂಚಸೂತಕಗಳು ಲಿಂಗವಂತನಿಗಿಲ್ಲವೆಂದರು. ಈ ಐದೂ ದೇಹಕ್ಕೆ ಸಂಬಂಧಿಸಿದವು. ರಕ್ತಕ್ಕೆ, ಹುಟ್ಟಿಗೆ, ಸಾವಿಗೆ, ಬಾಯಿಯ ನೀರಿಗೆ ಸಂಬಂಧಿಸಿದವು. ದೇಹದ ಸ್ಥಿತಿಯಿಂದ ವ್ಯಕ್ತಿಯ ಯೋಗ್ಯತೆಯನ್ನು ಅಳೆಯಬಾರದೆಂಬುದೇ ಅದರ ತಿರುಳು. ಹಾಗಿರುವಾಗ ರೋಗವೆಂಬ ಆರನೆಯ ಸೂತಕವನ್ನು ನಾವು ಹೊಸದಾಗಿ ಕಟ್ಟಿಕೊಳ್ಳುವುದು ಯಾವ ಧರ್ಮ? ಸೂಳೆ ಸಂಕವ್ವೆಯನ್ನು ವಚನಕಾರ್ತಿಯರ ಪಂಕ್ತಿಯಲ್ಲಿ ನೆನೆಯುವ ಪರಂಪರೆ ನಮ್ಮದು. ಲೋಕ ಅಸಹ್ಯದಿಂದ ಉಚ್ಚರಿಸುವ ಪದವನ್ನು ಹೆಸರಿನಲ್ಲಿ ಹೊತ್ತವಳಿಗೂ ಅಲ್ಲಿ ಶರಣೆಯ ಸ್ಥಾನ ದೊರೆಯಿತು.

ಇಲ್ಲಿ ಹಿರಿಯರೊಬ್ಬರು ಕೇಳಬಹುದು: 'ಅಂಜಿಕೆಯನ್ನು ತೆಗೆದುಬಿಟ್ಟರೆ ತರುಣರು ಹದ್ದು ಮೀರುವುದಿಲ್ಲವೇ?' ಈ ಪ್ರಶ್ನೆಯನ್ನು ತಳ್ಳಿಹಾಕಲಾಗದು. ದಾಂಪತ್ಯನಿಷ್ಠೆಯೂ ಇಂದ್ರಿಯನಿಗ್ರಹವೂ ಶರಣ ಧರ್ಮದ ಅಡಿಗಲ್ಲುಗಳು. ಅವುಗಳಲ್ಲಿ ಸಡಿಲಿಕೆಯನ್ನು ನಾವು ಬೋಧಿಸುತ್ತಿಲ್ಲ. ಆದರೆ ರೋಗಕ್ಕೆ ಅಂಜಿ ಮಾತ್ರ ಶುದ್ಧನಾಗಿರುವವನು ಔಷಧಿ ದೊರೆತ ದಿನ ಏನು ಮಾಡುತ್ತಾನೆ? ಅವನ ಶೀಲ ಔಷಧಿ ಅಂಗಡಿಯ ಬಾಗಿಲಲ್ಲಿ ಕೊನೆಗೊಳ್ಳುತ್ತದೆ. ಮಡದಿಗೆ ಕೊಟ್ಟ ಮಾತಿಗಾಗಿ, ತನ್ನ ಅರಿವಿಗಾಗಿ ಶುದ್ಧನಾಗಿರುವವನ ಶೀಲ ಹಾಗಲ್ಲ. ಇನ್ನೊಂದು ಮಾತು. ರೋಗ ಪಾಪಕ್ಕೆ ದಂಡನೆಯಾಗಿದ್ದರೆ, ಗಂಡನಿಗಾಗಿ ಮನೆಯಲ್ಲಿ ಕಾದು ಕುಳಿತ ಪತಿವ್ರತೆಗೆ ಅದೇಕೆ ಬರುತ್ತದೆ? ಕಣ್ಣು ಬಿಡದ ಶಿಶುವಿಗೇಕೆ ಬರುತ್ತದೆ? ಇಂಥ ಅನ್ಯಾಯದ ದಂಡಾಧಿಕಾರವನ್ನು ಪರಶಿವನಿಗೆ ಆರೋಪಿಸುವುದು ಭಕ್ತಿಯಲ್ಲ. ರೋಗಾಣು ಶೀಲವನ್ನು ಅರಿಯದು. ಅದು ದಾರಿಯನ್ನು ಮಾತ್ರ ಅರಿಯುತ್ತದೆ.

ತಪ್ಪು ನಡೆದಿದ್ದರೆ ಅದಕ್ಕೆ ತಕ್ಕ ದಾರಿ ಬೇರೆಯಿದೆ. ಮಡದಿಗೆ ಅನ್ಯಾಯವಾಗಿದ್ದರೆ ಆಕೆಯ ಮುಂದೆ ನಿಜ ಒಪ್ಪಿಕೊಳ್ಳುವುದು, ಆಕೆಗೆ ಅಪಾಯವಿದ್ದರೆ ಪರೀಕ್ಷೆ ಮುಗಿಯುವವರೆಗೆ ಆಕೆಯನ್ನು ಕಾಪಾಡುವುದು, ಮುಂದೆ ನಡೆ ತಿದ್ದಿಕೊಳ್ಳುವುದು; ಇವು ಪಶ್ಚಾತ್ತಾಪದ ಕೆಲಸಗಳು. ಹತ್ತನೆಯ ಸಲ ರಕ್ತ ಕೊಡುವುದು ಪಶ್ಚಾತ್ತಾಪವಲ್ಲ. ಪಶ್ಚಾತ್ತಾಪ ಮನುಷ್ಯನನ್ನು ಇನ್ನೊಬ್ಬರ ಕಡೆಗೆ ತಿರುಗಿಸುತ್ತದೆ. ಗೀಳು ಅವನನ್ನು ತನ್ನ ನಾಲಗೆ, ತನ್ನ ಗಂಟು, ತನ್ನ ತೂಕಗಳ ಕಡೆಗೇ ತಿರುಗಿಸುತ್ತದೆ. ತನ್ನೊಳಗೆ ನಡೆದಿರುವುದು ಯಾವುದೆಂದು ತಿಳಿಯಲು ಪ್ರತಿಯೊಬ್ಬನಿಗೂ ಈ ಒಂದು ಗುರುತು ಸಾಕು.

ಭಾಲ್ಕಿಯ ಡಾ. ಚನ್ನಬಸವ ಪಟ್ಟದೇವರು ನಿಜಾಮರ ಆಳ್ವಿಕೆಯಲ್ಲಿ ಹೊರಗೆ ಉರ್ದು ಫಲಕ ತೂಗುಹಾಕಿ ಒಳಗೆ ಕನ್ನಡ ಕಲಿಸಿದ ಸಂಗತಿ ನಮ್ಮ ಜಿಲ್ಲೆಯ ಮನೆಮನೆಗೂ ಗೊತ್ತು. ಮಕ್ಕಳು ನಿರ್ಭಯವಾಗಿ ಒಳಗೆ ಬರಲೆಂದು ಬಾಗಿಲಿನ ಹೆಸರು ಬದಲಾಯಿತು. ಸರ್ಕಾರಿ ಆಸ್ಪತ್ರೆಗಳಲ್ಲಿ ಈ ರೋಗಗಳ ಚಿಕಿತ್ಸಾಲಯಕ್ಕೆ 'ಸುರಕ್ಷಾ ಕ್ಲಿನಿಕ್' ಎಂದು ಹೆಸರಿಟ್ಟಿರುವುದರ ಹಿಂದೆಯೂ ಅಂಥದೇ ಕರುಣೆಯಿದೆ. ಸಂಶಯವಿದ್ದವರು ಅಲ್ಲಿಗೆ ಹೋಗಲಿ. ಎಚ್.ಐ.ವಿ. ಪರೀಕ್ಷೆ ಸರ್ಕಾರಿ ಆಸ್ಪತ್ರೆಗಳಲ್ಲಿ ಉಚಿತ, ಗೋಪ್ಯ; 1097 ಎಂಬ ದೂರವಾಣಿಗೆ ಹಣವಿಲ್ಲದೆ ಕೇಳಬಹುದು. ಪರೀಕ್ಷೆ ಮುಗಿದ ಮೇಲೂ ಅಂಜಿಕೆ ಬಿಡದಿದ್ದರೆ ಮನೋವೈದ್ಯರನ್ನು ಕಾಣಲಿ, ಇಲ್ಲವೇ 14416ಕ್ಕೆ ಕರೆ ಮಾಡಲಿ. ಗೀಳಿಗೂ ಚಿಕಿತ್ಸೆಯಿದೆ, ಅದು ಫಲಿಸುತ್ತದೆ. ಗುರುವಿನ ಮಾತು ಆ ಚಿಕಿತ್ಸೆಗೆ ಜೊತೆಯಾಗಬಲ್ಲುದೇ ಹೊರತು ಬದಲಿಯಾಗಲಾರದು.

ವಾಚಕ ಬಂಧುಗಳೇ, ತಮ್ಮಿಂದ ಆಗಬೇಕಾದುದು ದೊಡ್ಡದೇನೂ ಅಲ್ಲ. ಮನೆಯಲ್ಲಿ, ಕಟ್ಟೆಯಲ್ಲಿ ಈ ರೋಗಗಳ ಮಾತು ಬಂದಾಗ ಅವುಗಳನ್ನು ಉಳಿದ ರೋಗಗಳನ್ನು ಹೆಸರಿಸುವಂತೆಯೇ ಹೆಸರಿಸಿರಿ. 'ಮಾಡಿದ್ದುಣ್ಣೋ ಮಹಾರಾಯ' ಎಂಬ ಗಾದೆಯನ್ನು ರೋಗಿಯ ಹಾಸಿಗೆಯ ಬಳಿಗೆ ಒಯ್ಯಬೇಡಿರಿ. ಮಗ ಕಾರಣವಿಲ್ಲದೆ ಲಗ್ನ ಮುಂದೂಡಿದರೆ ಬೈಯುವ ಮೊದಲು ಪಕ್ಕದಲ್ಲಿ ಕುಳ್ಳಿರಿಸಿಕೊಂಡು ಕೇಳಿರಿ. ಅವನು ಹೇಳಿದುದನ್ನು ಮುಖ ಸಿಂಡರಿಸದೆ ಆಲಿಸಿ, ಅವನೊಡನೆ ಆಸ್ಪತ್ರೆಯವರೆಗೆ ನಡೆಯಿರಿ. ಅಷ್ಟು ಅರಿವನ್ನೂ ಅಷ್ಟು ಧೈರ್ಯವನ್ನೂ ಬಸವಾದಿ ಪ್ರಮಥರು ನಮ್ಮೆಲ್ಲರಿಗೂ ಕರುಣಿಸಲೆಂಬುದೇ ನಮ್ಮ ಹಾರೈಕೆ.